ಮೂರೋ ಎಂಟೋ ತಿಳಿಯದ ಸೀಲು

ಹೈಕೋರ್ಟಿನ ಆದೇಶ ಹಿಡಿದುಕೊಂಡು ಗಣಿ ಇಲಾಖೆಯ ಕಚೇರಿಯಲ್ಲಿ ಟಪಾಲು ತೆಗೆದುಕೊಳ್ಳುವ ಕಿಟಕಿಯ ಮುಂದೆ ಒಂದೂವರೆ ತಾಸು ನಿಂತಿದ್ದೆ. ಒಳಗಿದ್ದವರು ಅದನ್ನು ಮಗುಚಿ ಮಗುಚಿ ನೋಡಿ, "ಸಾಹೇಬರು ಮೀಟಿಂಗ್‌ನಲ್ಲಿದ್ದಾರೆ, ಅವರು ಹೇಳದೆ ಇದನ್ನು ತೆಗೆದುಕೊಳ್ಳಲು ಬರುವುದಿಲ್ಲ" ಎಂದರು. ಕೋರ್ಟಿನ ಕಾಗದ ಒಳಗೆ ಹೋಗಲಿಕ್ಕೂ ಸಾಹೇಬರ ಅಪ್ಪಣೆ ಬೇಕಂತೆ!

ನಮ್ಮದೇ ಪಟ್ಟಾ ಜಮೀನು, ಎರಡು ಎಕರೆ. ಕುಂಟೆ ಹೊಡೆದರೆ ಕಿಡಿ ಹಾರುವ ನೆಲ. ಅಲ್ಲಿ ಅಪ್ಪ ಒಂದು ಚೀಲ ಜೋಳ ಬೆಳೆದದ್ದನ್ನು ನಾನು ಕಂಡಿಲ್ಲ. ಕಟ್ಟಡದ ಕಲ್ಲು ತೆಗೆಯಲು ಅನುಮತಿ ಕೊಡಿ ಎಂದು 1994ರ ಉಪಖನಿಜ ರಿಯಾಯಿತಿ ನಿಯಮಗಳ ಪ್ರಕಾರ ಅರ್ಜಿ ಹಾಕಿ ಮೂರು ವರ್ಷವಾಯಿತು. ಶುಲ್ಕ ಕಟ್ಟಿದ್ದೇನೆ. ಕಂದಾಯದವರ, ಅರಣ್ಯದವರ ಅಭಿಪ್ರಾಯವೂ ಬಂದು ಕಡತ ಸೇರಿದೆ. ಕೇಳಿದರೆ ಒಂದೇ ಉತ್ತರ: "ಪರಿಶೀಲನೆಯಲ್ಲಿದೆ." ಏನನ್ನು ಪರಿಶೀಲಿಸುತ್ತಿದ್ದಾರೆ? ಕಲ್ಲು ಮೊಳಕೆ ಒಡೆಯುತ್ತದೆಯೇ ಎಂದೇ?

ಕೊಡಲೇಬೇಕು ಎಂಬ ಹಠ ನನಗಿಲ್ಲ. ಗದಗ ಜಿಲ್ಲೆಯ ಕಪ್ಪತಗುಡ್ಡ 2019ರಲ್ಲಿ ವನ್ಯಜೀವಿಧಾಮವಾಯಿತು. ಅಲ್ಲಿ ಕಲ್ಲು ಮುಟ್ಟಬೇಡ ಎಂದರೆ ಮರುಮಾತಾಡದೆ ಮನೆಗೆ ಹೋಗುತ್ತೇನೆ. ನಮ್ಮ ಹೊಲ ಅದರ ಹತ್ತಿರಕ್ಕೂ ಇಲ್ಲ. ಇದ್ದರೂ ಸರಿ, ಆಗುವುದಿಲ್ಲ ಎಂದು ಬರೆದು ಕೊಡಿ. ಅದನ್ನೂ ಬರೆಯುವುದಿಲ್ಲ.

ಕೊನೆಗೆ ಹೈಕೋರ್ಟಿನ ಧಾರವಾಡ ಪೀಠದ ಮೆಟ್ಟಿಲು ಹತ್ತಿದೆ. ಹುಬ್ಬಳ್ಳಿಯವರೆಗೆ ಒಂದು ಬಸ್, ಅಲ್ಲಿಂದ ಚಿಗರಿ ಬಸ್, ಧಾರವಾಡದಿಂದ ಮುಂದೆ ಆಟೊ. 2008ರಲ್ಲಿ ಇಲ್ಲಿ ಸಂಚಾರಿ ಪೀಠ ಬರುವ ಮುಂಚೆ ಇದಕ್ಕೆಲ್ಲ ಬೆಂಗಳೂರಿಗೇ ಓಡಬೇಕಿತ್ತು ಎಂದು ವಕೀಲ ಸಾಹೇಬರು ಸಮಾಧಾನ ಹೇಳಿದರು. ಸಂವಿಧಾನದ 226ನೇ ವಿಧಿಯ ಅಡಿ ರಿಟ್ ಅರ್ಜಿ ಹಾಕಿದೆವು. ಆದೇಶ ಎರಡೇ ಪುಟ. ಪ್ರತಿ ತಲುಪಿದ ದಿನದಿಂದ ಎಂಟು ವಾರದೊಳಗೆ ಅರ್ಜಿಯನ್ನು ಕಾನೂನಿನಂತೆ ಪರಿಗಣಿಸಿ ತೀರ್ಮಾನಿಸಬೇಕು, ಅಷ್ಟೇ. ಸಂಬಳ ತೆಗೆದುಕೊಳ್ಳುವವರಿಗೆ 'ನಿಮ್ಮ ಕೆಲಸ ಮಾಡಿ' ಎಂದು ಹೇಳಿಸಲು ಹೈಕೋರ್ಟ್ ನ್ಯಾಯಮೂರ್ತಿಗಳೇ ಬೇಕಾಯಿತು. ಹಾಗೆ ಹೇಳಿಸಲು ನಾನು ಎಮ್ಮೆ ಮಾರಿದೆ.

'ತಲುಪಿದ ದಿನದಿಂದ' ಎಂಬ ಮಾತು ಇದೆಯಲ್ಲ, ಅದಕ್ಕೇ ಆ ಕಿಟಕಿ ಅಷ್ಟು ಗಟ್ಟಿ. ಮೂರನೆಯ ಸಲ ಹೋದಾಗ ತೆಗೆದುಕೊಂಡರು. ಒಣಗಿದ ಪ್ಯಾಡಿಗೆ ಸೀಲು ಒತ್ತಿ, ನನ್ನ ಪ್ರತಿಯ ಮೇಲೆ ಊರಿದರು. ಇಲಾಖೆಯ ಹೆಸರು ಅರ್ಧ ಮೂಡಿತು. ದಿನಾಂಕ ಮೂರೋ ಎಂಟೋ ದೇವರೇ ಬಲ್ಲ. "ಇನ್ನೊಮ್ಮೆ ಒತ್ತಿ ಸರ್" ಎಂದೆ. "ಒಂದು ಕಾಗದಕ್ಕೆ ಒಂದೇ ಸೀಲು ಯಜಮಾನರೇ" ಎಂದು ಕಿಟಕಿ ಎಳೆದುಕೊಂಡರು.

ಮನೆಯ ಕ್ಯಾಲೆಂಡರಿನಲ್ಲಿ ವಾರಕ್ಕೊಂದು ಗೀಟು ಎಳೆಯುತ್ತಾ ಕುಳಿತೆ. ರಾತ್ರಿ ಹನ್ನೊಂದರ ಮೇಲೆ ನಮ್ಮ ಹೊಲದ ದಾರಿಯಲ್ಲೇ ಕಲ್ಲು ತುಂಬಿದ ಟ್ರ್ಯಾಕ್ಟರುಗಳು ಓಡುತ್ತವೆ. ಅವರು ಅರ್ಜಿಯನ್ನೇ ಹಾಕಿಲ್ಲ, ಹಾಗಾಗಿ ಅವರದು ಬಾಕಿಯೂ ಇಲ್ಲ. ರಾಜಧನ ಕಟ್ಟುತ್ತೇನೆ ಎಂದು ಹೋದ ನಾನು ಸಿಕ್ಕಿಬಿದ್ದೆ.

ಎಂಟನೆಯ ವಾರ ಹಿಂಬರಹ, ಅಂದರೆ ಇಲಾಖೆಯ ಲಿಖಿತ ಉತ್ತರ, ಬಂತು. ಮಾನ್ಯ ಉಚ್ಚ ನ್ಯಾಯಾಲಯದ ಆದೇಶದಂತೆ ಅರ್ಜಿಯನ್ನು ಪರಿಗಣಿಸಲಾಗಿದೆ. ಲಗತ್ತಿಸಿರುವ ಪಹಣಿ ಮೂರು ವರ್ಷ ಹಳೆಯದಾದ್ದರಿಂದ ಅರ್ಜಿಯನ್ನು ತಿರಸ್ಕರಿಸಲಾಗಿದೆ. ಬೇಕಿದ್ದರೆ ಹೊಸದಾಗಿ ಅರ್ಜಿ ಸಲ್ಲಿಸಬಹುದು. ಪಹಣಿ ಹಳೆಯದಾದದ್ದು ಯಾರ ಮೇಜಿನ ಮೇಲೆ ಸ್ವಾಮಿ?

ನ್ಯಾಯಾಂಗ ನಿಂದನೆ ಹಾಕೋಣವೇ ಎಂದು ವಕೀಲರನ್ನು ಕೇಳಿದೆ. "ತೀರ್ಮಾನಿಸಿ ಎಂದಿದ್ದರು, ತೀರ್ಮಾನಿಸಿದ್ದಾರಲ್ಲ. ಇನ್ನು ಈ ಹಿಂಬರಹವನ್ನೇ ಪ್ರಶ್ನಿಸಬೇಕು" ಎಂದವರು ಅದನ್ನು ಬೆಳಕಿಗೆ ಹಿಡಿದು ನೋಡಿ ನಕ್ಕರು. ಸೀಲು ನೀಲಿಯಾಗಿ, ದುಂಡಗೆ, ದಿನ, ತಿಂಗಳು, ಇಸವಿ ಸಮೇತ ಸ್ಪಷ್ಟವಾಗಿ ಮೂಡಿತ್ತು.