121 ಸೋಲುಗಳು ಯಾರ ಖಾತೆಗೆ?

2024ರ ಸೆಪ್ಟೆಂಬರ್ 24ರ ಮಂಗಳವಾರ ಸಂಜೆ ಕೆಲಸ ಮುಗಿಸಿಕೊಂಡು ಶಿಕಾಗೊದ ರೆಡ್ ಲೈನ್ ರೈಲು ಹತ್ತಿ 35ನೇ ಬೀದಿಯ ನಿಲ್ದಾಣದಲ್ಲಿ ಇಳಿದಾಗ, ನನ್ನ ಜೊತೆ ಕ್ರೀಡಾಂಗಣದ ಕಡೆಗೆ ನಡೆಯುತ್ತಿದ್ದವರಲ್ಲಿ ಅನೇಕರು ತಮ್ಮ ತಂಡ ಸೋಲುವುದನ್ನು ನೋಡಲೆಂದೇ ಬಂದಿದ್ದರು. ಶಿಕಾಗೊ ವೈಟ್ ಸಾಕ್ಸ್ ತಂಡ ಅದಾಗಲೇ 120 ಪಂದ್ಯಗಳನ್ನು ಸೋತು 1962ರ ನ್ಯೂಯಾರ್ಕ್ ಮೆಟ್ಸ್ ತಂಡದ ದಾಖಲೆಯನ್ನು ಸರಿಗಟ್ಟಿತ್ತು. ಇನ್ನೊಂದು ಸೋತರೆ, 1900ರಿಂದೀಚೆಗೆ ಮೇಜರ್ ಲೀಗ್ ಬೇಸ್‌ಬಾಲ್‌ನ ಒಂದು ಸೀಸನ್‌ನಲ್ಲಿ ಅತಿ ಹೆಚ್ಚು ಸೋತ ತಂಡವೆಂಬ ಹೆಸರು ಅದಕ್ಕೆ ಅಂಟಿಕೊಳ್ಳುತ್ತಿತ್ತು. ಎದುರಾಳಿ ಲಾಸ್ ಏಂಜಲೀಸ್ ಏಂಜಲ್ಸ್. ಒಂಬತ್ತು ಇನ್ನಿಂಗ್ಸ್‌ಗಳ ಈ ಆಟದಲ್ಲಿ ಎಂಟನೆಯದು ಬರುವವರೆಗೂ 0–2ರ ಹಿನ್ನಡೆಯಲ್ಲಿದ್ದ ನಮ್ಮವರು, ಅದೇನು ತಿಳಿಯಿತೋ, ಆ ಇನ್ನಿಂಗ್ಸ್‌ನಲ್ಲಿ ಮೂರು ರನ್ ಹೊಡೆದು 3–2ರಿಂದ ಗೆದ್ದುಬಿಟ್ಟರು. ದಾಖಲೆ ನೋಡಲು ಬಂದವರು ಬೇಸರಪಡಬೇಕೋ ಕುಣಿಯಬೇಕೋ ತಿಳಿಯದೆ ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಿದರು. ಆ ಗದ್ದಲದ ನಡುವೆ ಮತ್ತೆ ಮತ್ತೆ ಎದ್ದು ಬರುತ್ತಿದ್ದ ಘೋಷಣೆ ಮಾತ್ರ ಒಂದೇ: ‘ಸೆಲ್ ದ ಟೀಮ್’, ತಂಡವನ್ನು ಮಾರಿಬಿಡಿ. ಆ ಕೂಗು ಮೈದಾನದಲ್ಲಿದ್ದ ಯಾವ ಆಟಗಾರರಿಗೂ ಸಂಬಂಧಿಸಿದ್ದಲ್ಲ. ಅದು 1981ರಿಂದ ತಂಡದ ಒಡೆತನ ನಡೆಸುತ್ತಿರುವ ಜೆರ್ರಿ ರೈನ್ಸ್‌ಡಾರ್ಫ್ ಅವರಿಗೆ ಹೇಳಿದ್ದು.

ಊರಿನ ಗೆಳೆಯರ ವಾಟ್ಸಾಪ್ ಗುಂಪಿನಲ್ಲಿ ಈ ಸುದ್ದಿ ಹಾಕಿದಾಗ ಬಂದ ಮೊದಲ ಪ್ರಶ್ನೆ, ‘ಅಷ್ಟೊಂದು ಸೋಲಲು ಹೇಗೆ ಸಾಧ್ಯ, ನಿಮ್ಮ ಆಟಗಾರರಿಗೆ ಆಡಲು ಬರುವುದಿಲ್ಲವೇ?’ ಎಂಬುದಾಗಿತ್ತು. ಅಂದಿನಿಂದ ಈ ಪ್ರಶ್ನೆಗೆ ಸರಿಯಾದ ಉತ್ತರ ಬರೆಯಬೇಕೆಂದುಕೊಂಡು ಮುಂದೂಡುತ್ತಲೇ ಬಂದೆ. ನನ್ನ ಅಭಿಪ್ರಾಯ ಇಷ್ಟು: ಸೀಸನ್ ಮುಗಿದಾಗ ತಂಡದ ಲೆಕ್ಕಕ್ಕೆ ಸೇರಿದ್ದ 121 ಸೋಲುಗಳಿಗೆ ಆಟಗಾರರನ್ನು ದೂರುವುದು, ಅಡಿಪಾಯ ಕುಸಿದ ಮನೆಗೆ ಸುಣ್ಣ ಬಳಿದವನನ್ನು ಬೈದಂತೆ. ಆ ಸೋಲುಗಳು ಮೈದಾನದಲ್ಲಿ ಲೆಕ್ಕಕ್ಕೆ ಬಂದವು, ಆದರೆ ಅವು ತಯಾರಾದದ್ದು ಕಚೇರಿಯಲ್ಲಿ, ಹಲವು ವರ್ಷಗಳ ಅವಧಿಯಲ್ಲಿ.

ಮೊದಲಿಗೆ ಈ ಸಂಖ್ಯೆಯ ತೂಕ ಗೊತ್ತಾಗಬೇಕು. ಮಾರ್ಚ್ ಕೊನೆಯಿಂದ ಸೆಪ್ಟೆಂಬರ್ ಕೊನೆಯವರೆಗೆ, ಹೆಚ್ಚುಕಡಿಮೆ ದಿನಕ್ಕೊಂದರಂತೆ, ಒಂದು ತಂಡ 162 ಪಂದ್ಯಗಳನ್ನು ಆಡುತ್ತದೆ. ಚೆಂಡು ಬ್ಯಾಟಿಗೆ ಎರಡು ಬೆರಳಿನಷ್ಟು ಆಚೀಚೆ ತಗುಲಿದರೂ ಫಲಿತಾಂಶ ಬದಲಾಗುವ ಈ ಆಟದಲ್ಲಿ ಅದೃಷ್ಟದ ಪಾಲು ದೊಡ್ಡದು. ಪ್ರತಿ ತಂಡವೂ 54 ಪಂದ್ಯ ಗೆದ್ದೇ ಗೆಲ್ಲುತ್ತದೆ, 54 ಸೋತೇ ಸೋಲುತ್ತದೆ, ಉಳಿದ 54ರಲ್ಲಿ ನೀನೇನು ಮಾಡುತ್ತೀಯ ಎಂಬುದೇ ಆಟ ಎಂದು ಬೇಸ್‌ಬಾಲ್ ಬಲ್ಲವರು ಬಹಳ ಕಾಲದಿಂದ ಹೇಳುತ್ತ ಬಂದಿದ್ದಾರೆ. ವೈಟ್ ಸಾಕ್ಸ್ ಆ ವರ್ಷ ಗೆದ್ದದ್ದು 41. ಅಂದರೆ ಎಲ್ಲರಿಗೂ ಬಿಟ್ಟಿಯಾಗಿ ಸಿಗುತ್ತದೆಂದು ನಂಬಲಾದ ಗೆಲುವುಗಳಲ್ಲೂ ಹದಿಮೂರನ್ನು ಅವರು ಕಳೆದುಕೊಂಡಿದ್ದರು.

ಸೋಲಿನ ಹಳೆಯ ದಾಖಲೆಗಳನ್ನು ತಿರುವಿ ಹಾಕಿದರೆ ಕಾಣುವುದು ಬೇರೆ ಬೇರೆ ಕಥೆಗಳು. 1962ರ ಮೆಟ್ಸ್ ಆ ವರ್ಷವಷ್ಟೇ ಹುಟ್ಟಿದ ತಂಡ. ಬೇರೆ ತಂಡಗಳು ಬೇಡವೆಂದು ಬಿಟ್ಟುಕೊಟ್ಟವರನ್ನು ಒಟ್ಟುಗೂಡಿಸಿ ಕಟ್ಟಿದ್ದು. ಅವರು 40 ಗೆದ್ದು 120 ಸೋತರೂ ನ್ಯೂಯಾರ್ಕಿನ ಜನ ಅವರನ್ನು ಮುದ್ದಿನ ಮಗುವಿನಂತೆ ನೋಡಿಕೊಂಡರು, ಅದೇ ತಂಡ 1969ರಲ್ಲಿ ವಿಶ್ವ ಸರಣಿ (ಚಾಂಪಿಯನ್ ಯಾರೆಂದು ತೀರ್ಮಾನಿಸುವ ಅಂತಿಮ ಸರಣಿ) ಗೆದ್ದಿತು. ಅದಕ್ಕೂ ಹಿಂದಿನ, 1899ರ ಕ್ಲೀವ್‌ಲ್ಯಾಂಡ್ ಸ್ಪೈಡರ್ಸ್ ತಂಡದ ಕಥೆ ನನಗೆ ಹೆಚ್ಚು ಮುಖ್ಯವೆನಿಸುತ್ತದೆ. ಆ ತಂಡದ ಮಾಲೀಕರಾದ ರಾಬಿಸನ್ ಸಹೋದರರು ಸೇಂಟ್ ಲೂಯಿಸ್‌ನ ಇನ್ನೊಂದು ತಂಡವನ್ನೂ ಕೊಂಡು, ಹೆಸರಾಂತ ಪಿಚರ್ (ಚೆಂಡೆಸೆಯುವವರು) ಸೈ ಯಂಗ್ ಸೇರಿದಂತೆ ತಮ್ಮ ಒಳ್ಳೆಯ ಆಟಗಾರರನ್ನೆಲ್ಲ ಅಲ್ಲಿಗೆ ಸಾಗಿಸಿಬಿಟ್ಟರು. ಕ್ಲೀವ್‌ಲ್ಯಾಂಡಿನಲ್ಲಿ ಉಳಿದವರು 20 ಗೆದ್ದು 134 ಸೋತರು. ನೋಡುವವರು ಬರುವುದನ್ನೇ ನಿಲ್ಲಿಸಿದ್ದರಿಂದ ತಂಡ ಊರೂರು ಸುತ್ತಿ ಆಡಿ, ಹೊರಗಿನ ಊರುಗಳಲ್ಲೇ 101 ಪಂದ್ಯ ಸೋತಿತು. ಸೀಸನ್ ಮುಗಿದ ಮೇಲೆ ತಂಡವೇ ಇಲ್ಲವಾಯಿತು. ಬ್ಯಾಟು ಹಿಡಿದವರ ಕೈಯಲ್ಲಿ ಅಲ್ಲಿ ಏನಾದರೂ ಇತ್ತೆಂದು ಯಾರಾದರೂ ಹೇಳಬಲ್ಲರೇ?

ವೈಟ್ ಸಾಕ್ಸ್ ಹೊಸ ತಂಡವಲ್ಲ, ಬಡ ತಂಡವೂ ಅಲ್ಲ. 1901ರಿಂದ ಅಮೆರಿಕನ್ ಲೀಗ್‌ನಲ್ಲಿರುವ, ದೇಶದ ಮೂರನೇ ಅತಿದೊಡ್ಡ ನಗರದ ತಂಡ ಅದು. 2005ರಲ್ಲಿ ವಿಶ್ವ ಸರಣಿಯ ನಾಲ್ಕೂ ಪಂದ್ಯಗಳಲ್ಲಿ ಹ್ಯೂಸ್ಟನ್ ತಂಡವನ್ನು ಸೋಲಿಸಿ 88 ವರ್ಷಗಳ ಬರವನ್ನು ಮುಗಿಸಿತ್ತು. 2016ರ ಡಿಸೆಂಬರ್‌ನಲ್ಲಿ ಆಡಳಿತ ಮಂಡಳಿ ಒಂದು ನಿರ್ಧಾರ ಕೈಗೊಂಡಿತು: ಇರುವ ತಾರೆಗಳನ್ನು ಕೊಟ್ಟು ಎಳೆಯರನ್ನು ತರುವುದು, ಕೆಲವು ವರ್ಷ ಸೋಲುವುದು, ಆಮೇಲೆ ದೀರ್ಘಕಾಲ ಗೆಲ್ಲುವುದು. ಇದಕ್ಕೆ ಇಲ್ಲಿನವರು ‘ರೀಬಿಲ್ಡ್’ ಎನ್ನುತ್ತಾರೆ. ಕ್ರಿಸ್ ಸೇಲ್ ಅವರನ್ನು ಬಾಸ್ಟನ್ನಿಗೆ ಕೊಟ್ಟು ಯೋವಾನ್ ಮೊಂಕಾಡ ಮತ್ತು ಮೈಕೆಲ್ ಕೋಪೆಕ್ ಅವರನ್ನು ತಂದರು. ಮುಂದಿನ ಜುಲೈನಲ್ಲಿ ಹೋಸೆ ಕಿಂಟಾನ ಅವರನ್ನು ಇದೇ ಊರಿನ ಕಬ್ಸ್ ತಂಡಕ್ಕೆ ಕೊಟ್ಟು ಎಲಾಯ್ ಹಿಮೆನೆಜ್ ಮತ್ತು ಡಿಲನ್ ಸೀಸ್ ಅವರನ್ನು ತಂದರು. ಕ್ಯೂಬಾದ ಲೂಯಿಸ್ ರಾಬರ್ಟ್ ಅವರಿಗೆ 2.6 ಕೋಟಿ ಡಾಲರ್ ಕೊಟ್ಟು ಸೇರಿಸಿಕೊಂಡರು. ಅಭಿಮಾನಿಗಳಿಗೆ ತಾಳ್ಮೆಯಿಂದಿರಲು ಹೇಳಲಾಯಿತು. 2018ರಲ್ಲಿ ನೂರು ಪಂದ್ಯ ಸೋತಾಗಲೂ ಜನ ತಾಳಿಕೊಂಡರು, ಏಕೆಂದರೆ ಮುಂದೆ ಒಳ್ಳೆಯ ದಿನಗಳಿವೆ ಎಂದು ಭರವಸೆ ಕೊಡಲಾಗಿತ್ತು. 2021ರಲ್ಲಿ 93 ಗೆಲುವುಗಳೊಂದಿಗೆ ತಮ್ಮ ವಿಭಾಗದಲ್ಲಿ ಮೊದಲ ಸ್ಥಾನ ಪಡೆದಾಗ ಭರವಸೆ ನಿಜವಾಯಿತೆಂದೇ ನಾನೂ ನಂಬಿದ್ದೆ.

ಆದ್ದರಿಂದಲೇ 2024ರ ಸೋಲು ನನಗೆ ಸಹಿಸಲಾಗದ್ದೆನಿಸುತ್ತದೆ. ಗೆಲ್ಲುವ ದಿನಗಳಿಗಾಗಿ ಕಾಯುತ್ತಿರುವ ತಂಡದ ಸೋಲು ಅದಲ್ಲ. ಯಾವ ಗೆಲುವಿನ ಕಾಲಕ್ಕಾಗಿ ಹಿಂದೆ ಸೋತಿದ್ದರೋ ಆ ಕಾಲವೇ ಅದಾಗಿತ್ತು. ಸೀಸ್ ಅವರನ್ನು ಸೀಸನ್ ಆರಂಭಕ್ಕೆ ಮುನ್ನವೇ ಸ್ಯಾನ್ ಡಿಯಾಗೊಗೆ ಕೊಟ್ಟಾಗಿತ್ತು. ಮೊಂಕಾಡ ಏಪ್ರಿಲ್‌ನಲ್ಲೇ ಗಾಯಗೊಂಡರು. ಜುಲೈ ಕೊನೆಯಲ್ಲಿ ಹಿಮೆನೆಜ್ ಬಾಲ್ಟಿಮೋರಿಗೂ ಕೋಪೆಕ್ ಲಾಸ್ ಏಂಜಲೀಸ್ ಡಾಡ್ಜರ್ಸ್‌ಗೂ ಹೋದರು. ಹಾಗೆ ತಂದಿದ್ದ ಐವರಲ್ಲಿ ಆಗಸ್ಟ್‌ನ ಹೊತ್ತಿಗೆ ಮೈದಾನದಲ್ಲಿ ಉಳಿದಿದ್ದವರು ರಾಬರ್ಟ್ ಒಬ್ಬರೇ, ಅವರೂ ಗಾಯದಿಂದ ಸುಮಾರು ಎರಡು ತಿಂಗಳು ಹೊರಗಿದ್ದು ಬಂದವರು. ಕೋಪೆಕ್ ಅದೇ ಅಕ್ಟೋಬರ್‌ನಲ್ಲಿ ಡಾಡ್ಜರ್ಸ್ ಜೊತೆ ವಿಶ್ವ ಸರಣಿ ಗೆದ್ದರು ಎಂಬುದನ್ನು ಹೊಟ್ಟೆಯುರಿಯಿಂದಲೇ ಇಲ್ಲಿ ದಾಖಲಿಸುತ್ತಿದ್ದೇನೆ.

ಇದು ಹೇಗಾಯಿತು? ಗೆಲ್ಲಲು ತೊಡಗಿದ್ದ ತಂಡಕ್ಕೆ 2020ರ ಕೊನೆಯಲ್ಲಿ ಮಾಲೀಕರು ತಂದ ಮ್ಯಾನೇಜರ್ (ಮೈದಾನದಲ್ಲಿ ತಂಡ ನಡೆಸುವ ಮುಖ್ಯ ತರಬೇತುದಾರ) 76 ವರ್ಷದ ಟೋನಿ ಲಾ ರೂಸಾ. 2011ರ ನಂತರ ಅವರು ಯಾವ ತಂಡವನ್ನೂ ನಡೆಸಿರಲಿಲ್ಲ. ಲಾ ರೂಸಾ ದೊಡ್ಡವರೇ, ಅದರಲ್ಲಿ ಅನುಮಾನವಿಲ್ಲ. ಆದರೆ 1986ರಲ್ಲಿ ತಮ್ಮ ತಂಡ ಅವರನ್ನು ಕೆಲಸದಿಂದ ತೆಗೆದುದಕ್ಕೆ ರೈನ್ಸ್‌ಡಾರ್ಫ್ ಬಹುಕಾಲ ಪರಿತಪಿಸುತ್ತಿದ್ದರೆಂಬುದು ಎಲ್ಲರಿಗೂ ಗೊತ್ತಿದ್ದ ಸಂಗತಿ. ಮೂವತ್ತನಾಲ್ಕು ವರ್ಷದ ಹಳೆಯ ಋಣ ತೀರಿಸಲು ಎಳೆಯ ಆಟಗಾರರ ಹೊಸ ತಂಡವನ್ನು ಬಳಸಿಕೊಂಡದ್ದು ನನಗೆ ಇಂದಿಗೂ ಒಪ್ಪಿಗೆಯಾಗಿಲ್ಲ. 2022ರಲ್ಲಿ 81 ಗೆಲುವು 81 ಸೋಲು, 2023ರಲ್ಲಿ 101 ಸೋಲು. ಆಗ ದಶಕಗಳಿಂದ ಆಡಳಿತದಲ್ಲಿದ್ದ ಕೆನ್ ವಿಲಿಯಮ್ಸ್ ಮತ್ತು ರಿಕ್ ಹಾನ್ ಇಬ್ಬರನ್ನೂ ತೆಗೆದುಹಾಕಿ, ಒಂಬತ್ತೇ ದಿನಗಳಲ್ಲಿ ಅದೇ ಕಚೇರಿಯ ಕ್ರಿಸ್ ಗೆಟ್ಜ್ ಅವರನ್ನು, ಆಟಗಾರರನ್ನು ಆರಿಸಿ ತಂಡ ಕಟ್ಟುವ ಜನರಲ್ ಮ್ಯಾನೇಜರ್ ಮಾಡಿದರು. ಕಿರಿಯ ಆಟಗಾರರನ್ನು ಬೆಳೆಸುವ ವಿಭಾಗ ಅದುವರೆಗೆ ಅವರ ಕೈಯಲ್ಲೇ ಇತ್ತು. ಬೆಳೆಸುವುದರಲ್ಲಿ ಸೋತ ಸಂಸ್ಥೆಗೆ ಬೆಳೆಸುವವರನ್ನೇ ತಲೆಯಾಗಿಸುವ ತರ್ಕ ನನಗೆ ತಿಳಿಯದು. ರೈನ್ಸ್‌ಡಾರ್ಫ್ ತಮ್ಮವರನ್ನು ಕೈಬಿಡದ ನಿಷ್ಠಾವಂತರು ಎಂದು ಅವರ ಪರ ಮಾತನಾಡುವವರು ಹೇಳುತ್ತಾರೆ. ನಿಜ, ಅದೇ ರೋಗ.

ಹಣದ ವಿಷಯವನ್ನೂ ಹೇಳಬೇಕು. ಆ ಸೀಸನ್‌ವರೆಗೆ ವೈಟ್ ಸಾಕ್ಸ್ ತನ್ನ ಇಡೀ ಇತಿಹಾಸದಲ್ಲಿ ಒಬ್ಬ ಆಟಗಾರರಿಗೆ ಕೊಟ್ಟ ಅತಿದೊಡ್ಡ ಒಪ್ಪಂದ ಆಂಡ್ರೂ ಬೆನಿಂಟೆಂಡಿ ಅವರದು, ಐದು ವರ್ಷಕ್ಕೆ 7.5 ಕೋಟಿ ಡಾಲರ್. 2023ರ ಡಿಸೆಂಬರ್‌ನಲ್ಲಿ ಡಾಡ್ಜರ್ಸ್ ಶೋಹೆ ಒಟಾನಿ ಅವರಿಗೆ ಹತ್ತು ವರ್ಷಕ್ಕೆ ಕೊಡಲೊಪ್ಪಿದ್ದು 70 ಕೋಟಿ. ಎಲ್ಲರೂ ಡಾಡ್ಜರ್ಸ್ ಆಗಲಾರರು, ಒಪ್ಪುತ್ತೇನೆ. ಆದರೆ ಶಿಕಾಗೊದಂಥ ಪೇಟೆಯಲ್ಲಿ ಅಂಗಡಿ ಇಟ್ಟುಕೊಂಡು ಹಳ್ಳಿಯ ಗೂಡಂಗಡಿಯ ಲೆಕ್ಕ ಬರೆಯುವುದು ಸರಿಯೇ?

ಸೀಸನ್ ಹೇಗೆ ಸಾಗಿತೆಂಬುದನ್ನು ಉದ್ದಕ್ಕೆ ಹೇಳುವ ಮನಸ್ಸಿಲ್ಲ. ಮೊದಲ 25 ಪಂದ್ಯಗಳಲ್ಲಿ ಮೂರು ಗೆಲುವು. ಮೇ ಕೊನೆಯಲ್ಲಿ ಶುರುವಾಗಿ ಸತತ 14 ಸೋಲು. ಜುಲೈ 10ರಿಂದ ಆಗಸ್ಟ್ 5ರವರೆಗೆ ಸತತ 21 ಸೋಲು, ಆಗಸ್ಟ್ 6ರಂದು ಓಕ್ಲೆಂಡಿನಲ್ಲಿ 5–1ರ ಗೆಲುವು, ಅದಾದ ಎರಡೇ ದಿನಕ್ಕೆ ಮ್ಯಾನೇಜರ್ ಪೆಡ್ರೊ ಗ್ರಿಫೋಲ್ ಅವರ ವಜಾ. ವರ್ಷವಿಡೀ ಗಳಿಸಿದ ರನ್ 507, ಆ ವರ್ಷ ಮೂವತ್ತು ತಂಡಗಳಲ್ಲೇ ಕಡಿಮೆ. ಇದರ ನಡುವೆಯೂ ಗ್ಯಾರೆಟ್ ಕ್ರೋಶೆ ಎಂಬ ಎಡಗೈ ಪಿಚರ್, ಮೊದಲ ಸಲ ಪಂದ್ಯ ಆರಂಭಿಸುವ ಹೊಣೆ ಹೊತ್ತು, 146 ಇನ್ನಿಂಗ್ಸ್‌ಗಳಲ್ಲಿ 209 ಮಂದಿಯನ್ನು ಸ್ಟ್ರೈಕ್ ಔಟ್ ಮಾಡಿದರು, ಅಂದರೆ ಚೆಂಡನ್ನು ಆಟಕ್ಕೆ ಹೊಡೆಯಲು ಬಿಡದೆಯೇ ಔಟ್ ಮಾಡಿದರು. ಅವರ ಲೆಕ್ಕದಲ್ಲಿ ಬಿದ್ದದ್ದು ಆರು ಗೆಲುವು, ಹನ್ನೆರಡು ಸೋಲು. ಆಟಗಾರರಿಗೆ ಆಡಲು ಬರುವುದಿಲ್ಲವೇ ಎಂದು ಕೇಳಿದ ಗೆಳೆಯರಿಗೆ ಈ ಒಂದು ಸಾಲು ಸಾಕೆಂದುಕೊಳ್ಳುತ್ತೇನೆ. ಡಿಸೆಂಬರ್‌ನಲ್ಲಿ ಅವರನ್ನೂ ಬಾಸ್ಟನ್ನಿಗೆ ಕೊಟ್ಟರು.

ಅದೇ ಗೆಳೆಯರು ಆರ್‌ಸಿಬಿಯನ್ನು ನೆನಪಿಸುತ್ತಾರೆ, 18ನೇ ಸೀಸನ್‌ವರೆಗೆ ಕಪ್ಪಿಗಾಗಿ ಕಾದವರು ನಾವಲ್ಲವೇ ಎಂದು. ಆ ನೋವಿನ ಜಾತಿಯೇ ಬೇರೆ. ಮೂರು ಬಾರಿ ಫೈನಲ್‌ವರೆಗೆ ಹೋಗಿ ಎಡವುವುದು ಆಸೆಯ ನೋವು; ಏಪ್ರಿಲ್ ಮುಗಿಯುವುದರೊಳಗೆ ವರ್ಷವೇ ಮುಗಿದುಹೋಗುವುದು ಕೈಬಿಟ್ಟವರ ನೋವು. ಆದರೆ ಒಂದು ಹೋಲಿಕೆ ಇದೆ: ಐಪಿಎಲ್‌ನಂತೆಯೇ ಮೇಜರ್ ಲೀಗ್ ಕೂಡ ಬಾಗಿಲು ಮುಚ್ಚಿದ ಕೂಟ. ಇಂಗ್ಲೆಂಡಿನ ಫುಟ್‌ಬಾಲ್‌ನಲ್ಲಿ ಕೊನೆಯ ಸ್ಥಾನ ಪಡೆದ ತಂಡ ಕೆಳಗಿನ ದರ್ಜೆಗೆ ಇಳಿಯುತ್ತದೆ, ಮಾಲೀಕರ ಆದಾಯ ಕುಸಿಯುತ್ತದೆ. ಇಲ್ಲಿ 121 ಸೋತವರಿಗೂ ಟಿವಿ ಹಣದ ಪಾಲು ಬರುತ್ತದೆ, ತಂಡದ ಬೆಲೆ ಏರುತ್ತಲೇ ಇರುತ್ತದೆ. ಸುಮಾರು ಎರಡು ಕೋಟಿ ಡಾಲರಿಗೆ ಕೊಂಡ ತಂಡದ ಬೆಲೆ ಇಂದು ನೂರು ಕೋಟಿಯನ್ನೂ ಮೀರಿದೆ.

ಸೋತವರಿಗೆ, ತಂಡಗಳು ಹೊಸ ಆಟಗಾರರನ್ನು ಸರದಿಯಂತೆ ಆರಿಸಿಕೊಳ್ಳುವ ಮುಂದಿನ ಡ್ರಾಫ್ಟ್‌ನಲ್ಲಿ ಮೊದಲ ಆಯ್ಕೆ ಸಿಗುವ ಪದ್ಧತಿ ಸೋಲನ್ನೇ ಒಂದು ಹೂಡಿಕೆಯಾಗಿ ಮಾಡಿತ್ತು. ಮಾಲೀಕರು ಮತ್ತು ಆಟಗಾರರ ಸಂಘದ ನಡುವಿನ 2022ರ ಒಪ್ಪಂದದ ನಂತರ ಅದಕ್ಕೆ ಲಾಟರಿ ಬಂದಿದೆ. ದೊಡ್ಡ ಪೇಟೆಯ ತಂಡಗಳು ಸತತ ಎರಡು ವರ್ಷ ಲಾಟರಿಯ ಲಾಭ ಪಡೆಯುವಂತಿಲ್ಲ. ಆ ನಿಯಮದಿಂದಾಗಿ 121 ಸೋತ ವೈಟ್ ಸಾಕ್ಸ್‌ಗೆ 2025ರಲ್ಲಿ ಸಿಕ್ಕಿದ್ದು ಹತ್ತನೇ ಆಯ್ಕೆ. ನಿಯಮ ಒಳ್ಳೆಯದೇ. ಆದರೆ ಇದರಲ್ಲೂ ಪೆಟ್ಟು ಬಿದ್ದದ್ದು ಮುಂದೆ ಆಡಬೇಕಾದ ತಂಡಕ್ಕೆ, ಅದನ್ನು ನೋಡಬೇಕಾದ ಜನಕ್ಕೆ, ಮಾಲೀಕರ ಜೇಬಿಗಲ್ಲ.

ಸೋಲಿನ ಅದೇ ವರ್ಷ ಮಾಲೀಕರು ಕೈಚಾಚಿದ್ದು ಸಾರ್ವಜನಿಕ ಬೊಕ್ಕಸಕ್ಕೆ. ನಗರದ ಮಧ್ಯಭಾಗಕ್ಕೆ ಹತ್ತಿರದ, ನದಿ ಪಕ್ಕದ ಖಾಲಿ ಜಾಗದಲ್ಲಿ ಹೊಸ ಕ್ರೀಡಾಂಗಣ ಕಟ್ಟಲು ಸುಮಾರು ನೂರು ಕೋಟಿ ಡಾಲರ್ ಸರ್ಕಾರಿ ನೆರವಿನ ಮಾತು ಆಗ ನಡೆದಿತ್ತು. ಈಗಿರುವ, 1991ರಲ್ಲಿ ತೆರೆದ ಕ್ರೀಡಾಂಗಣವೂ ಜನರ ಹಣದಿಂದಲೇ ಆದದ್ದು. 1988ರಲ್ಲಿ ತಂಡ ಫ್ಲಾರಿಡಾಕ್ಕೆ ಹೋಗುತ್ತದೆಂಬ ಬೆದರಿಕೆ ಎದುರಾದಾಗ, ಇಲಿನಾಯ್ ಶಾಸನಸಭೆ ಜೂನ್ 30ರ ಮಧ್ಯರಾತ್ರಿಯ ಗಡುವಿನೊಳಗೆ ಮಸೂದೆ ಮುಗಿಸಲಾಗದೆ ಗಡಿಯಾರವನ್ನೇ ನಿಲ್ಲಿಸಿ ಮತ ಹಾಕಿಸಿಕೊಂಡಿತು ಎಂಬ ಕಥೆಯನ್ನು ಇಲ್ಲಿನ ಹಿರಿಯರು ಇಂದಿಗೂ ನಗುತ್ತ ಹೇಳುತ್ತಾರೆ. ಒಂದು ಊರು ತನ್ನ ತಂಡಕ್ಕಾಗಿ ಕಾಲವನ್ನೇ ನಿಲ್ಲಿಸಿತ್ತು. ಆ ತಂಡದ ಒಡೆಯರು ಊರಿಗೆ ಮರಳಿ ಕೊಟ್ಟದ್ದೇನು ಎಂದು ಕೇಳುವುದು ತಪ್ಪಾಗಲಾರದು. 2005ರ ಪಟ್ಟ ಕೊಟ್ಟರು, ಅವರೇ ಮಾಲೀಕರಾಗಿರುವ ಬುಲ್ಸ್ ಬ್ಯಾಸ್ಕೆಟ್‌ಬಾಲ್ ತಂಡ ಆರು ಪಟ್ಟ ತಂದಿತು. ಅದನ್ನು ಮರೆತಿಲ್ಲ. ಇಪ್ಪತ್ತು ವರ್ಷದ ಹಿಂದಿನ ಹಬ್ಬದೂಟವನ್ನು ನೆನೆಯುತ್ತ ಎಷ್ಟು ದಿನ ಉಪವಾಸ ಕೂರುವುದು?

ಏಂಜಲ್ಸ್ ವಿರುದ್ಧದ ಮೂರೂ ಪಂದ್ಯಗಳನ್ನು ವೈಟ್ ಸಾಕ್ಸ್ ಗೆದ್ದಿತು. 121ನೇ ಸೋಲು ಬಂದದ್ದು ಸೆಪ್ಟೆಂಬರ್ 27ರಂದು ಡೆಟ್ರಾಯಿಟ್‌ನಲ್ಲಿ, 4–1ರಿಂದ. 2003ರಲ್ಲಿ 119 ಪಂದ್ಯ ಸೋತು ಇದೇ ದಾಖಲೆಯಿಂದ ಕೂದಲೆಳೆಯಲ್ಲಿ ಪಾರಾಗಿದ್ದ ಡೆಟ್ರಾಯಿಟ್ ಟೈಗರ್ಸ್, ಆ ರಾತ್ರಿಯ ಗೆಲುವಿನಿಂದಲೇ ಹತ್ತು ವರ್ಷಗಳ ನಂತರ ಪ್ಲೇಆಫ್ ತಲುಪಿತು. ನಮ್ಮ ಆಟಗಾರರು ಅವರ ಸಂಭ್ರಮ ನೋಡಿಕೊಂಡು ಒಳಗೆ ನಡೆದರು. ಆದರೆ ಮುಂದಿನ ಎರಡು ದಿನ ಅದೇ ಟೈಗರ್ಸ್ ತಂಡವನ್ನು ಎರಡು ಬಾರಿ ಸೋಲಿಸಿದರು ಎಂಬುದನ್ನು ಯಾವ ದಾಖಲೆಯ ಸುದ್ದಿಯೂ ಹೇಳುವುದಿಲ್ಲ. ಕೊನೆಯ ಆರು ಪಂದ್ಯಗಳಲ್ಲಿ ಐದು ಗೆಲುವು. ಆಡಲು ಯಾವ ಕಾರಣವೂ ಉಳಿದಿಲ್ಲದಾಗ ಆಡಿದವರ ಬಗ್ಗೆ ನನಗೆ ಗೌರವವಿದೆ.

2025ರಲ್ಲಿ 102 ಸೋಲು, ಲೆಕ್ಕದ ಪ್ರಕಾರ ಪ್ರಗತಿ. ಆ ವರ್ಷ ತಂಡಕ್ಕೆ ಬಂದ ದೊಡ್ಡ ಸುದ್ದಿ ವ್ಯಾಟಿಕನ್ನಿನಿಂದ: ಹೊಸ ಪೋಪ್ ಹದಿನಾಲ್ಕನೇ ಲಿಯೋ ಶಿಕಾಗೊ ಕಡೆಯವರು, ವೈಟ್ ಸಾಕ್ಸ್ ಅಭಿಮಾನಿ, 2005ರ ವಿಶ್ವ ಸರಣಿಯ ಮೊದಲ ಪಂದ್ಯವನ್ನು ಇದೇ ಗ್ಯಾಲರಿಯಲ್ಲಿ ಕುಳಿತು ನೋಡಿದವರು. ಅವರ ಚಿತ್ರವನ್ನು ಕ್ರೀಡಾಂಗಣದ ಗೋಡೆಗೆ ಹಾಕಿದ್ದಾರೆ. ಇನ್ನೊಂದು ಸುದ್ದಿ ಜೂನ್‌ನಲ್ಲಿ ಬಂತು: ರೈನ್ಸ್‌ಡಾರ್ಫ್ ತಂಡವನ್ನು ಜಸ್ಟಿನ್ ಇಷ್ಬಿಯ ಎಂಬ ಹೂಡಿಕೆದಾರರಿಗೆ ವಹಿಸುವ ಒಪ್ಪಂದ ಮಾಡಿಕೊಂಡಿದ್ದಾರೆ. 2029ರಿಂದ 2033ರವರೆಗೆ ಮಾರುವ ಆಯ್ಕೆ ರೈನ್ಸ್‌ಡಾರ್ಫ್ ಅವರದು; 2034ರಿಂದ ಕೊಳ್ಳುವ ಆಯ್ಕೆ ಇಷ್ಬಿಯ ಅವರದು. ಆ ಮಂಗಳವಾರ ಗಂಟಲು ಹರಿಯುವಂತೆ ಕೂಗಿದವರಿಗೆ ಸಿಕ್ಕ ಉತ್ತರ ಇದೇ ಇರಬೇಕು: ಮಾರುತ್ತಾರಂತೆ, ಆದರೆ ಅವಸರವಿಲ್ಲವಂತೆ.