ಕಸೂತಿ ಹಾಕಿದವಳ ಹೆಸರು

ನಾನಿರೋದು ಇಂಗ್ಲೆಂಡಿನ ರೆಡಿಂಗ್‌ನಲ್ಲಿ. ಶನಿವಾರ ಬಂತೆಂದರೆ ಚರ್ಚಿನ ಪಕ್ಕದ ಹಾಲ್‌ನಲ್ಲಿ ಹತ್ತು ಹನ್ನೆರಡು ಹೆಂಗಸರು ಸೂಜಿ ದಾರ ಹಿಡಿದು ಕೂರುತ್ತೇವೆ. ಎರಡು ತಿಂಗಳ ಹಿಂದೆ ಅಲ್ಲಿ 'ಹೋಲ್ಬೈನ್ ಹೊಲಿಗೆ' ಕಲಿಸಿದರು. ನೋಡಿದ ಕೂಡಲೇ ಗುರುತು ಹತ್ತಿತು. ನಮ್ಮ ಕಸೂತಿಯ ಗವಂತಿ ಹೊಲಿಗೆ! ಹೋಗುವಾಗ ಬಿಟ್ಟು ಬಿಟ್ಟು ಹಾಕೋದು, ವಾಪಸ್ ಬರುವಾಗ ಬಿಟ್ಟ ಜಾಗ ತುಂಬೋದು. ಗಂಟಿಲ್ಲ, ಹಿಂದೆ ಮುಂದೆ ಎರಡೂ ಒಂದೇ.

ನನಗೆ ತಡೆಯಲಿಲ್ಲ. ಮುಂದಿನ ವಾರ ಅವ್ವನ ಚಂದ್ರಕಾಳಿ ಸೀರೆ ಒಯ್ದೆ. ಅವ್ವನ ಕುಬಸಕ್ಕೆ, ಅಂದರೆ ಸೀಮಂತಕ್ಕೆ, ಅಜ್ಜಿ ಕೊಟ್ಟಿದ್ದು. ಕಲಿಸುವ ಅಜ್ಜಿಗೆ ಎಪ್ಪತ್ತು ದಾಟಿದೆ. ಕನ್ನಡಕ ಏರಿಸಿಕೊಂಡು ಸೆರಗಿನ ಗೋಪುರ, ತೇರು, ತುಳಸಿಕಟ್ಟೆ ಒಂದೊಂದನ್ನೇ ನೋಡಿದರು. ತಿರುಗಿಸಿ ಹಿಂಬದಿ ನೋಡಿದರು. ಗೆರೆ ಎಳೆದುಕೊಳ್ಳದೆ ಬರೀ ಎಳೆ ಎಣಿಸಿ ಹಾಕಿದ್ದು ಅಂದಾಗ ಎಲ್ಲರೂ ಎದ್ದು ಬಂದರು. ಆಮೇಲೆ ಕಲಿಸುವ ಅಜ್ಜಿ ನೋಟ್‌ಬುಕ್ ತೆಗೆದರು. ಊರು ಬರೆದುಕೊಂಡರು, ಬಟ್ಟೆ ಯಾವುದು ಅಂತ ಬರೆದುಕೊಂಡರು. ಕೊನೆಗೆ ಕೇಳಿದರು: ಇದನ್ನು ಮಾಡಿದವರ ಹೆಸರು?

"ಧಾರವಾಡದ ಕಡೆಯ ಯಾರೋ ಹೆಣ್ಣುಮಗಳು" ಅಂದೆ.

ಅವರು ಏನೂ ಅನ್ನಲಿಲ್ಲ. ಹೆಸರಿನ ಜಾಗ ಹಾಗೇ ಖಾಲಿ ಬಿಟ್ಟು ನೋಟ್‌ಬುಕ್ ಮುಚ್ಚಿದರು. ಆ ಖಾಲಿ ಜಾಗ ಇವತ್ತಿಗೂ ಚುಚ್ಚುತ್ತಿದೆ.

ಅವರು ಹಾಗೆ ಕೇಳಿದ್ದರ ಕಾರಣ ರೆಡಿಂಗ್‌ನ ಮ್ಯೂಸಿಯಂಗೆ ಹೋದಾಗ ತಿಳಿಯಿತು. ಬಾಯೂ ಟ್ಯಾಪೆಸ್ಟ್ರಿ ಅಂತ ಕೇಳಿರಬಹುದು. 1066ರಲ್ಲಿ ನಾರ್ಮನ್ನರು ಇಂಗ್ಲೆಂಡ್ ಗೆದ್ದ ಕಥೆ ಅದರಲ್ಲಿದೆ. ಹೆಸರಿಗೆ ಟ್ಯಾಪೆಸ್ಟ್ರಿ ಅಷ್ಟೇ, ಅದು ನೇಯ್ದದ್ದಲ್ಲ. ನಾರುಬಟ್ಟೆಯ ಮೇಲೆ ಉಣ್ಣೆ ದಾರದಲ್ಲಿ ಹಾಕಿದ ಕಸೂತಿ. ಉದ್ದ ಸುಮಾರು 70 ಮೀಟರ್. ಮೂಲ ಫ್ರಾನ್ಸಿಗೆ ಸೇರಿದ್ದು. ಅದರ ಪೂರ್ತಿ ನಕಲೊಂದು ನಮ್ಮ ರೆಡಿಂಗ್‌ನಲ್ಲಿದೆ. 1885-86ರಲ್ಲಿ ಲೀಕ್ ಎಂಬ ಊರಿನ ಎಲಿಜಬೆತ್ ವಾರ್ಡಲ್ ಮುಂದೆ ನಿಂತು ಸುಮಾರು 35 ಹೆಂಗಸರಿಂದ ಇದನ್ನು ಮಾಡಿಸಿದರು. ಉಣ್ಣೆಗೆ ಬಣ್ಣ ಹಾಕಿಸಿಕೊಟ್ಟವರು ಅವರ ಗಂಡ ಥಾಮಸ್ ವಾರ್ಡಲ್. ನಮ್ಮ ದೇಶದ ಟಸ್ಸರ್ ರೇಷ್ಮೆಗೆ ಬಣ್ಣ ಹಿಡಿಸಿ ಹೆಸರು ಮಾಡಿದವರು ಅವರೇ.

ಆದರೆ ನನ್ನನ್ನು ನಿಲ್ಲಿಸಿದ್ದು ಕುದುರೆಗಳೂ ಅಲ್ಲ, ಹಡಗುಗಳೂ ಅಲ್ಲ. ಪ್ರತಿ ಹೆಂಗಸು ತಾನು ಹಾಕಿದ ಭಾಗದ ಕೆಳಗೆ ತನ್ನ ಹೆಸರನ್ನು ದಾರದಲ್ಲೇ ಹಾಕಿದ್ದಾಳೆ. ರಾಜರ ಯುದ್ಧ ಮೇಲೆ, ಅದನ್ನು ಹೊಲಿದವಳ ಹೆಸರು ಕೆಳಗೆ. ಒಂದೊಂದೇ ಹೆಸರು ಓದುತ್ತಾ ಆ ಕೋಣೆಯನ್ನು ಎರಡು ಸಲ ಸುತ್ತಿದೆ.

ಇದೇ ಗುಂಗಿನಲ್ಲಿ ಲಂಡನ್ನಿನ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಮ್ಯೂಸಿಯಂಗೂ ಹೋದೆ. ಅಲ್ಲಿ ಸಯನ್ ಕೋಪ್ ಇದೆ. ಪಾದ್ರಿಗಳು ಹೆಗಲಿಗೆ ಹೊದೆಯುವ ಅರ್ಧಚಂದ್ರದಂಥ ನಿಲುವಂಗಿ. 1310-20ರ ಸುಮಾರಿನದು. ಸಂತರ ಮುಖಗಳನ್ನು ಹತ್ತಿರದಿಂದ ನೋಡಬೇಕು. ಕೂದಲಿನಷ್ಟು ಸಣ್ಣ ರೇಷ್ಮೆ ಎಳೆ. ಒಂದು ಹೊಲಿಗೆಯನ್ನು ಸೀಳಿಕೊಂಡೇ ಇನ್ನೊಂದು ಹೊಲಿಗೆ ಏಳುತ್ತದೆ. ಕೆನ್ನೆಯ ಮೇಲೆ ಅದು ಸುರುಳಿ ಸುತ್ತಿ ಸುತ್ತಿ ಬರುತ್ತದೆ, ಹಾಗಾಗಿ ಕೆನ್ನೆ ಉಬ್ಬಿದಂತೆ ಕಾಣುತ್ತದೆ. ಬಂಗಾರದ ಕೆಲಸ ಇನ್ನೂ ಜಾಣತನದ್ದು. ಬಂಗಾರದ ನೀರು ಕೊಟ್ಟ ಬೆಳ್ಳಿ ಎಳೆಯನ್ನು ಬಟ್ಟೆ ಮೇಲೆ ಹಾಸಿ, ಕೆಳಗಿನಿಂದ ಬಂದ ದಾರದಿಂದ ಅದನ್ನು ಚೂರೇ ಚೂರು ಹಿಂಬದಿಗೆ ಎಳೆದು ಕಟ್ಟುತ್ತಿದ್ದರು. ಕಟ್ಟು ಮೇಲೆ ಕಾಣೋದೇ ಇಲ್ಲ. ಒಂದೊಂದು ಕಟ್ಟಿನ ಹತ್ತಿರವೂ ಎಳೆ ಬಾಗುತ್ತದೆ. ನಮ್ಮ ಜರ್ದೋಸಿ ಕುಪ್ಪಸ ಸೆಟೆದು ನಿಲ್ಲುತ್ತೆ ಅಲ್ವಾ? ಇದು ಹಾಗಲ್ಲ. ಅಷ್ಟು ಬಂಗಾರ ಹೊತ್ತರೂ ಮೈಮೇಲೆ ಮೆತ್ತಗೆ ಬೀಳುತ್ತಿತ್ತಂತೆ.

ಆ ಕಾಲದಲ್ಲಿ ಯುರೋಪಿನವರು ಇದನ್ನು 'ಓಪಸ್ ಆಂಗ್ಲಿಕಾನಂ', ಅಂದರೆ ಇಂಗ್ಲಿಷರ ಕೆಲಸ ಅಂತಲೇ ಕರೆದರು. ನಮ್ಮಲ್ಲಿ ಧಾರವಾಡ ಪೇಡಾ ಅಂದಂತೆ, ಊರೇ ಗುರುತು. 1246ರಲ್ಲಿ ಪೋಪ್ ನಾಲ್ಕನೇ ಇನೊಸೆಂಟ್ ಇಂಗ್ಲಿಷ್ ಪಾದ್ರಿಗಳ ಉಡುಪು ನೋಡಿ, ಇದು ಎಲ್ಲಿಯದು ಅಂತ ವಿಚಾರಿಸಿ, ತನಗೂ ಕಳಿಸಿ ಎಂದು ಇಲ್ಲಿನ ಮಠಗಳಿಗೆ ಪತ್ರ ಬರೆದ. ಮ್ಯಾಥ್ಯೂ ಪ್ಯಾರಿಸ್ ಎಂಬ ಸನ್ಯಾಸಿ ಇದನ್ನು ಬರೆದಿಟ್ಟಿದ್ದಾನೆ. ಲಂಡನ್ನಿನ ವ್ಯಾಪಾರಿಗಳಿಗೆ ಖುಷಿಯಾಯಿತು, ಹೇಳಿದ ರೇಟಿಗೆ ಮಾರಿದರು ಅಂತಲೂ ಸೇರಿಸಿದ್ದಾನೆ.

ಅದೇ ಕಾಲದ ಮೇಬಲ್ ಎಂಬ ಹೆಂಗಸಿನ ಕಥೆ ನನಗೆ ತುಂಬಾ ಹಿಡಿಸಿತು. ಬರಿ ಸೇಂಟ್ ಎಡ್ಮಂಡ್ಸ್ ಊರಿನವಳು. 1239ರಿಂದ 1244ರವರೆಗೆ ರಾಜ ಮೂರನೇ ಹೆನ್ರಿಗೆ ಕಸೂತಿ ಹಾಕಿಕೊಟ್ಟಳು. ಅವಳ ಹೆಸರು ಅರಮನೆಯ ಲೆಕ್ಕದಲ್ಲಿ ಮತ್ತೆ ಮತ್ತೆ ಬರುತ್ತದೆ. ಎಷ್ಟೋ ವರ್ಷದ ಮೇಲೆ, 1256ರಲ್ಲಿ, ರಾಜ ಆ ಊರಿಗೆ ಹೋದಾಗ ಅವಳಿಗೆ ಬಟ್ಟೆ ಮತ್ತು ಮೊಲದ ತುಪ್ಪಳ ಕೊಡಿಸಿ ಅಂತ ಅಪ್ಪಣೆ ಮಾಡಿದ. ಅಷ್ಟು ವರ್ಷ ಅವಳನ್ನು ನೆನಪಿಟ್ಟುಕೊಂಡಿದ್ದ.

ಏಳುನೂರು ವರ್ಷ ದಾಟಿ ಮೇಬಲ್ ಹೆಸರು ನನಗೆ ಸಿಕ್ಕಿತು. ಐವತ್ತು ವರ್ಷದ ಹಿಂದೆ ನಮ್ಮ ಓಣಿಯ ಸುತ್ತಮುತ್ತಲೇ ಕೂತು ನಮ್ಮವ್ವನ ಸೀರೆಗೆ ಕಸೂತಿ ಹಾಕಿದವಳ ಹೆಸರು ಗೊತ್ತಿಲ್ಲ. ಸಿಟ್ಟು ಬರುತ್ತದೆ. ಕಸೂತಿ ನಮ್ಮ ಹೆಮ್ಮೆ ಅಂತೀವಿ. ಜಿಐ ಟ್ಯಾಗ್, ಅಂದರೆ ಇದು ಈ ಊರಿನದೇ ಅನ್ನೋ ಸರ್ಕಾರಿ ಗುರುತು, ಸಿಕ್ಕಿದೆ ಅಂತ ಎದೆ ಉಬ್ಬಿಸ್ತೀವಿ. ಹೋದ ವರ್ಷ ಊರಿಗೆ ಬಂದಾಗ ಒಂದು ಅಂಗಡಿಯಲ್ಲಿ ಸೀರೆ ಕೊಂಡೆ. ಚೀಟಿಯ ಮೇಲೆ ಬೆಲೆ ಇತ್ತು, ಬಟ್ಟೆಯ ವಿವರ ಇತ್ತು. ಯಾರು ಹಾಕಿದ್ದು ಅಂತ ಕೇಳಿದರೆ "ಹಳ್ಳಿ ಹೆಣ್ಮಕ್ಕಳು ಹಾಕ್ತಾರ್ರೀ" ಅಂದರು. ಎಷ್ಟು ದಿನ ಹಿಡಿಯಿತು, ಅವರ ಕೈಗೆ ಎಷ್ಟು ಬಿತ್ತು, ಯಾವುದೂ ಗೊತ್ತಿರಲಿಲ್ಲ. ಚೀಟಿಯಲ್ಲಿ ಇನ್ನೊಂದು ಸಾಲಿಗೆ ಜಾಗ ಇರಲಿಲ್ಲವಾ? ಆದರೆ ದುಡ್ಡು ಕೊಟ್ಟು ಸುಮ್ನೆ ಬಂದವಳು ನಾನೂ ಹೌದು.

ಇದನ್ನೆಲ್ಲ ಕಲಿಸುವ ಅಜ್ಜಿಗೆ ಹೇಳಿದೆ. ಅವರು ತಲೆಯಾಡಿಸಲಿಲ್ಲ. ಸಯನ್ ಕೋಪ್ ಹೊಲಿದವರ ಹೆಸರು ಹೇಳು ನೋಡೋಣ ಅಂದರು. ಇಲ್ಲ. ಬಾಯೂ ಕಸೂತಿಯ ಮೂಲ ಮಾಡಿದವರ ಹೆಸರೂ ಇಲ್ಲ. ಡರಮ್‌ನ ಚರ್ಚಿನಲ್ಲಿ ಸಂತ ಕತ್‌ಬರ್ಟ್‌ನ ಸಮಾಧಿಯಿಂದ ಸಿಕ್ಕ ಕಸೂತಿ ಇದೆ, ಸಾವಿರದ ನೂರು ವರ್ಷ ಹಳೆಯದು. ಅದರಲ್ಲಿ ಹೆಸರೇನೋ ಹೊಲಿದಿದ್ದಾರೆ. ಆದರೆ ಅದು ಮಾಡಿಸಿದ ರಾಣಿ ಆಲ್ಫ್‌ಫ್ಲೇಡ್ ಹೆಸರು. ಮೇಬಲ್ ಉಳಿದದ್ದು ರಾಜ ದುಡ್ಡು ಕೊಟ್ಟು ಲೆಕ್ಕ ಬರೆಸಿದ್ದಕ್ಕೆ. ಹೋಲ್ಬೈನ್ ಹೊಲಿಗೆಯನ್ನೇ ತಗೊಳ್ಳಿ. ಹೋಲ್ಬೈನ್ ಸೂಜಿ ಹಿಡಿದವನಲ್ಲ. ಎಂಟನೇ ಹೆನ್ರಿಯ ಕಾಲದವರ ಚಿತ್ರ ಬರೆದವನು. ಆ ಚಿತ್ರಗಳ ಕಾಲರಿನಲ್ಲಿ, ತೋಳಿನ ಅಂಚಿನಲ್ಲಿ ಈ ಹೊಲಿಗೆ ಕಾಣುತ್ತದೆ ಅಂತ ಅವನ ಹೆಸರು ಇಟ್ಟರು. ನಮ್ಮ ಗವಂತಿ, ಮುರಗಿ, ನೇಯ್ಗಿ, ಮೆಂತೆ, ಇವು ಮನೆಯಲ್ಲೇ ಹುಟ್ಟಿದ ಹೆಸರುಗಳು. ಅದನ್ನು ನಾನು ಒಪ್ಪಲೇಬೇಕು.

ಇನ್ನೊಂದೂ ಇದೆ. ಸಯನ್ ಕೋಪ್ ಇರೋದು ಗಾಜಿನ ಹಿಂದೆ, ಮಬ್ಬು ಬೆಳಕಿನಲ್ಲಿ. ಇಲ್ಲಿ ಚರ್ಚುಗಳ ರೀತಿ ಬದಲಾದಾಗ ಇಂಥ ಎಷ್ಟೋ ಉಡುಪುಗಳನ್ನು ಬಂಗಾರಕ್ಕಾಗಿ ಸುಟ್ಟರು, ಕತ್ತರಿಸಿ ಬೇರೆ ಏನೇನೋ ಮಾಡಿಕೊಂಡರು. ಸಯನ್ ಮಠದ ಸನ್ಯಾಸಿನಿಯರು ಇದೊಂದನ್ನು ಹೊತ್ತು ದೇಶ ಬಿಟ್ಟರು. ಅದು ಪೋರ್ಚುಗಲ್‌ವರೆಗೆ ಹೋಗಿ, 19ನೇ ಶತಮಾನದಲ್ಲಿ ಮತ್ತೆ ಇಲ್ಲಿಗೆ ಬಂತು. ನಮ್ಮ ಅವ್ವನ ಸೀರೆಯನ್ನು ನಾನು ಹೋದ ದೀಪಾವಳಿಗೂ ಉಟ್ಟಿದ್ದೆ.

ನಮ್ಮ ತರಗತಿಯಲ್ಲಿ ಕೆಲಸ ಮುಗಿದ ಮೇಲೆ ಬಟ್ಟೆಯ ಹಿಂಬದಿಯ ಮೂಲೆಯಲ್ಲಿ ಹೆಸರು, ವರ್ಷ ಹಾಕಬೇಕು. ನಾನೀಗ ಅಣ್ಣನ ಮಗಳ ಕೂಸಿಗೆ ಕುಂಚಿಗೆ ಹಾಕುತ್ತಿದ್ದೇನೆ, ಪೂರ್ತಿ ಗವಂತಿ. ಎರಡೂ ಕಡೆ ಒಂದೇ ಥರ ಕಾಣುವ ಕೆಲಸಕ್ಕೆ ಹಿಂಬದಿ ಯಾವುದು? ಕೊನೆಗೆ ತೇರಿನ ಗಾಲಿಯ ಕೆಳಗೆ ಹಾಕಿದೆ, ಎರಡೂ ಕಡೆಯಿಂದ ಓದಲು ಬರುವ ಹಾಗೆ ಬರೀ ಒಂದು 'ಗ'.

ಅವ್ವನಿಗೆ ಫೋನ್ ಮಾಡಿ ಸೀರೆಯ ವಿಷಯ ಕೇಳಿದೆ. "ಅಕೀನ್ನ ಎಲ್ಲಾರೂ ಕಸೂತಿ ಮೌಶಿ ಅಂತಿದ್ವಿ, ಹೆಸರು ಯಾರ್ ಕೇಳಿದ್ರು" ಅಂದಳು. ಸ್ವಲ್ಪ ಹೊತ್ತು ಸುಮ್ಮನಿದ್ದು, ಮೌಶಿಯ ಮಗಳು ಗದಗದಾಗ ಇದ್ದಾಳ ಅಂದಳು. ಯುಗಾದಿ ಮುಗಿಸಿ ಹೋಗಿ ಕೇಳಿ ಬರ್ತಾಳಂತೆ.