ಸತ್ಯಾಂಶ: ಖನಿಜ ಸರ್ಕಾರದ್ದಾದರೆ ಆದಿವಾಸಿಗಳನ್ನು ಕೇಳಬೇಕಿಲ್ಲವೇ?

“ನೆಲದಡಿಯ ಖನಿಜ ಸರ್ಕಾರದ್ದು, ಆದಿವಾಸಿಗಳ ಒಪ್ಪಿಗೆ ಬೇಕಿಲ್ಲ” ಎನ್ನುವ ಮೆಸೇಜ್ ಓಡಾಡುತ್ತಿದೆ. ಅರ್ಧ ನಿಜ. ಹಲವು ದೇಶಗಳಲ್ಲಿ ಖನಿಜ ಸರ್ಕಾರದ್ದೇ. ಆದರೆ ಅದನ್ನು ತೆಗೆಯಲು ಮೇಲಿನ ಕಾಡು, ತೊರೆ, ಮನೆ ಅಗೆಯಬೇಕಲ್ವಾ? ಒಪ್ಪಿಗೆಯ ಪ್ರಶ್ನೆ ಬರುವುದೇ ಅಲ್ಲಿ.

ಆದಿವಾಸಿಗಳ ಹಕ್ಕುಗಳ ಬಗ್ಗೆ ವಿಶ್ವಸಂಸ್ಥೆ 2007ರಲ್ಲಿ ಹೊರಡಿಸಿದ ಘೋಷಣೆಯ 32ನೇ ವಿಧಿ ಖನಿಜದ ಹೆಸರು ಹಿಡಿದೇ ಹೇಳುತ್ತದೆ: ಯೋಜನೆಗೆ ಅನುಮತಿ ಕೊಡುವ ಮೊದಲೇ, ಒತ್ತಡ ಹಾಕದೆ, ಪೂರ್ತಿ ಮಾಹಿತಿ ಕೊಟ್ಟು ಒಪ್ಪಿಗೆ ಪಡೆಯಲು ಮಾತಾಡಬೇಕು. ಸುಮ್ನೆ ಸಭೆ ಕರೆದು ಸಹಿ ಹಾಕಿಸಿದರೆ ಸಾಲದು.

ಘೋಷಣೆ ತಾನಾಗಿಯೇ ಕಾನೂನಲ್ಲ, ಸರಿ. ದೇಶದ ಕಾಯ್ದೆ ಜೊತೆಗಿದ್ದರೆ ಬಲ ಜಾಸ್ತಿ. ಒಡಿಶಾದ ನಿಯಮಗಿರಿ ಬೆಟ್ಟ ನೋಡಿ. ಅಲ್ಲಿ ಬಾಕ್ಸೈಟ್ (ಅಲ್ಯೂಮಿನಿಯಂ ಅದಿರು) ಗಣಿಯ ಯೋಜನೆ ಇತ್ತು. ಆದಿವಾಸಿಗಳ ಬೆನ್ನಿಗೆ ಅರಣ್ಯ ಹಕ್ಕು ಕಾಯ್ದೆಯೂ ಇತ್ತು. ಸುಪ್ರೀಂ ಕೋರ್ಟ್ ಗ್ರಾಮಸಭೆಗಳನ್ನೇ ಕೇಳಿ ಎಂದಿತು. 2013ರಲ್ಲಿ 12 ಸಭೆಗಳು ಸೇರಿದವು. ಹನ್ನೆರಡೂ ಬಾಕ್ಸೈಟ್ ಗಣಿ ಬೇಡ ಎಂದವು.